ಹಳೆಯ ಸಂಚಿಕೆಗೆ ವಿಳಾಸ ಬೇಕು

ಮದ್ರಾಸಿನಲ್ಲಿ ಬಿ. ನಾಗಿರೆಡ್ಡಿ ಮತ್ತು ಚಕ್ರಪಾಣಿ 1947ರ ಜುಲೈಯಲ್ಲಿ ತೆಲುಗು, ತಮಿಳಿನಲ್ಲಿ ಆರಂಭಿಸಿದ ‘ಚಂದಮಾಮ’ 1949ರಲ್ಲಿ ಕನ್ನಡಕ್ಕೂ ಬಂತು. ಬೇತಾಳನ ಕಥೆಯನ್ನು ಮೂರು ತಲೆಮಾರಿನ ಕನ್ನಡ ಮಕ್ಕಳಿಗೆ ಓದಿಸಿದ ಆ ಮಾಸಪತ್ರಿಕೆ 1998ರಲ್ಲಿ ಒಮ್ಮೆ ನಿಂತು ಮತ್ತೆ ಚಿಗುರಿತು. 2007ರಲ್ಲಿ ಮುಂಬೈನ ಜಿಯೋಡೆಸಿಕ್ ಕಂಪನಿ ಅದನ್ನು ಕೊಂಡುಕೊಂಡಿತು. ಆ ಕಂಪನಿಯ ಕಾಲದಲ್ಲಿ ಒಂದು ಒಳ್ಳೆಯ ಕೆಲಸವಾಯಿತು. ಹಳೆಯ ಸಂಚಿಕೆಗಳ ಸ್ಕ್ಯಾನ್ ಪ್ರತಿಗಳು ಪತ್ರಿಕೆಯ ಜಾಲತಾಣದಲ್ಲಿ ಎಲ್ಲರ ಓದಿಗೆ ಸಿಗುವಂತಾದವು. ಆಮೇಲೆ ಕಂಪನಿಯೇ ಕುಸಿಯಿತು, 2013ರ ಹೊತ್ತಿಗೆ ಅಚ್ಚು ನಿಂತಿತು, 2016ರಲ್ಲಿ ಜಾಲತಾಣವೂ ಇಲ್ಲವಾಯಿತು. ಹಾಗಿದ್ದೂ ಇವತ್ತು ಮೊಬೈಲ್ ಇರುವ ಯಾರು ಬೇಕಾದರೂ ಐವತ್ತರ ದಶಕದ ಕನ್ನಡ ಚಂದಮಾಮವನ್ನು ಓದಬಹುದು. ಅದಕ್ಕೆ ಕಾರಣರು ತಾಣ ಮುಚ್ಚುವ ಮೊದಲೇ ಸಂಚಿಕೆಗಳನ್ನು ತಮ್ಮ ಕಂಪ್ಯೂಟರಿಗೆ ಇಳಿಸಿಕೊಂಡು, ಮುಂದೆ ಒಬ್ಬರಿಂದ ಒಬ್ಬರಿಗೆ ದಾಟಿಸುತ್ತ ಬಂದ ಸಾಮಾನ್ಯ ಓದುಗರು. ಮಾಲೀಕರಿಗೆ ಉಳಿಸಿಕೊಳ್ಳಲಾಗದ್ದನ್ನು ಓದುಗರು ಉಳಿಸಿದರು. ಈ ಉಪಕಾರವನ್ನು ಮೊದಲು ಒಪ್ಪಿಕೊಳ್ಳಬೇಕು. ಒಪ್ಪಿಕೊಂಡ ಮೇಲೆ ಅದರ ಮಿತಿಯನ್ನೂ ನೋಡಬೇಕು. ಹೀಗೆ ಕೈಯಿಂದ ಕೈಗೆ ದಾಟುವ ಸ್ಕ್ಯಾನ್ ಪ್ರತಿಗಳಲ್ಲಿ ಬಹುಪಾಲು ತಾವು ಯಾವ ಸಂಪುಟದವು, ಯಾವ ತಿಂಗಳಿನವು, ಮೂಲ ಪ್ರತಿ ಯಾರ ಬಳಿ ಇದೆ ಎಂಬ ಗುರುತನ್ನು ದಾರಿಯಲ್ಲೇ ಕಳೆದುಕೊಂಡಿರುತ್ತವೆ. ಗುರುತಿಲ್ಲದ ಸಂಚಿಕೆ ಅರ್ಧ ಕಳೆದುಹೋದ ಸಂಚಿಕೆ. ವಿಜಯನಗರ ಜಿಲ್ಲೆಯ ಹಡಗಲಿ, ಹರಪನಹಳ್ಳಿ, ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿಯಂತಹ ತಾಲ್ಲೂಕುಗಳಿಗೆ ಈ ನಷ್ಟ ಉಳಿದ ಕಡೆಗಿಂತ ಹೆಚ್ಚು ತಟ್ಟುತ್ತದೆ ಎಂಬುದು ಇಲ್ಲಿನ ವಾದ.

ಈ ಹಂಚಿಕೆ ನಡೆಯುವ ರೀತಿಯನ್ನು ತಿಳಿದರೆ ಮಿತಿ ಎಲ್ಲಿಂದ ಬರುತ್ತದೆ ಎಂಬುದೂ ಗೊತ್ತಾಗುತ್ತದೆ. ಇದರಲ್ಲಿ ಮುಖ್ಯವಾಗಿ ಮೂರು ದಾರಿಗಳಿವೆ. ಮೊದಲನೆಯದು ಟೊರೆಂಟ್. ಇಲ್ಲಿ ಕಡತ ಒಂದೇ ಕಡೆ ಕೂತಿರುವುದಿಲ್ಲ. ಅದನ್ನು ಇಳಿಸಿಕೊಂಡವರ ಯಂತ್ರಗಳೇ ಮುಂದಿನವರಿಗೆ ಅದರ ತುಣುಕುಗಳನ್ನು ಕಳಿಸುತ್ತವೆ. ಪೂರ್ತಿ ಕಡತವನ್ನು ಇಟ್ಟುಕೊಂಡು ಹಂಚುವವರನ್ನು ‘ಸೀಡರ್’ ಎನ್ನುತ್ತಾರೆ. ಕೊನೆಯ ಸೀಡರ್ ತನ್ನ ಯಂತ್ರವನ್ನು ಮುಚ್ಚಿದ ದಿನ ಆ ಸಂಚಿಕೆ ಹೆಸರಿಗಷ್ಟೇ ಪಟ್ಟಿಯಲ್ಲಿ ಉಳಿಯುತ್ತದೆ, ಇಳಿಸಿಕೊಳ್ಳಲು ಬರುವುದಿಲ್ಲ. ಎರಡನೆಯದು ಟೆಲಿಗ್ರಾಂ, ವಾಟ್ಸ್ಆ್ಯಪ್ ಗುಂಪುಗಳು ಮತ್ತು ಡ್ರೈವ್ ಲಿಂಕುಗಳು. ಇವು ವೇಗದವು, ಬಳಸಲು ಸುಲಭ. ಆದರೆ ಗುಂಪು ಕಟ್ಟಿದವರ ಖಾತೆ ಹೋದರೆ ಸಂಗ್ರಹವೂ ಹೋಯಿತು. ಮೂರನೆಯದು ಬ್ರೂಸ್ಟರ್ ಕೇಲ್ 1996ರಲ್ಲಿ ಅಮೆರಿಕದ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಸ್ಥಾಪಿಸಿದ ಇಂಟರ್‌ನೆಟ್ ಆರ್ಕೈವ್. ಲಾಭದ ಉದ್ದೇಶವಿಲ್ಲದ ಈ ಗ್ರಂಥಾಲಯಕ್ಕೆ ಯಾರು ಬೇಕಾದರೂ ಕಡತ ಏರಿಸಬಹುದು, ಮತ್ತು ಏರಿಸುವಾಗ ಶೀರ್ಷಿಕೆ, ದಿನಾಂಕ, ಭಾಷೆ, ಸಂಪಾದಕ ಎಂದು ವಿವರ ತುಂಬಲು ಜಾಗವಿದೆ. ಮೂರರಲ್ಲಿ ಹೆಚ್ಚು ಕಾಲ ನಿಲ್ಲುವುದು ಇದೇ. ಹಾಗಿದ್ದರೂ ಆ ಜಾಗವನ್ನು ಖಾಲಿ ಬಿಡುವವರೇ ಹೆಚ್ಚು. ಗುಂಪಿನಲ್ಲಿ ಬಂದ ಪಿಡಿಎಫ್ ಅನ್ನು ಇದ್ದ ಹೆಸರಿನಲ್ಲೇ ಏರಿಸಿದರೆ ಹುಡುಕುವವರಿಗೆ ಸಿಗುವುದು ‘ಸ್ಕ್ಯಾನ್ 12’, ‘ಹೊಸ ಕಡತ 3’ ಎಂಬಂತಹ ಹೆಸರು. ಒಳಗೆ ಅಪೂರ್ವವಾದ ದೀಪಾವಳಿ ವಿಶೇಷಾಂಕವೇ ಇರಬಹುದು. ಅದನ್ನು ಅರಸುವವರಿಗೆ ಗೊತ್ತಾಗುವ ಬಗೆ ಇಲ್ಲ.

ಈ ಮೂರು ದಾರಿಗಳಲ್ಲೂ ಉಳಿವನ್ನು ನಿರ್ಧರಿಸುವುದು ಜನಪ್ರಿಯತೆ. ಟೊರೆಂಟಿನಲ್ಲಿ ಇದು ನೇರವಾಗಿ ಕಾಣುತ್ತದೆ: ಹೆಚ್ಚು ಜನ ಬಯಸಿದ್ದಕ್ಕೆ ಹೆಚ್ಚು ಸೀಡರುಗಳು. ಆದ್ದರಿಂದ ಚಂದಮಾಮ ಸಿಗುತ್ತದೆ, ಬಾಲಮಿತ್ರ ಸಿಗುತ್ತದೆ, ಫ್ಯಾಂಟಮ್‌ನ ಇಂದ್ರಜಾಲ ಕಾಮಿಕ್ಸ್ ಸಿಗುತ್ತದೆ. ಬಾಲ್ಯದ ನೆನಪು ಯಾವುದಕ್ಕೆ ಅಂಟಿಕೊಂಡಿದೆಯೋ ಅದನ್ನು ಜನ ಪ್ರೀತಿಯಿಂದ ಸ್ಕ್ಯಾನ್ ಮಾಡುತ್ತಾರೆ. ಅದರಲ್ಲಿ ತಪ್ಪೇನಿಲ್ಲ. ಆದರೆ ಕನ್ನಡದ ಬೌದ್ಧಿಕ ಬದುಕು ನಡೆದದ್ದು ಹೆಚ್ಚಾಗಿ ಕೆಲವೇ ನೂರು ಪ್ರತಿಗಳ ಪತ್ರಿಕೆಗಳಲ್ಲಿ. ಆಲೂರು ವೆಂಕಟರಾಯರು ಧಾರವಾಡದಿಂದ 1922ರಲ್ಲಿ ಹೊರಡಿಸಿದ ‘ಜಯ ಕರ್ನಾಟಕ’, ಗೋಪಾಲಕೃಷ್ಣ ಅಡಿಗರ ‘ಸಾಕ್ಷಿ’, ಚಂದ್ರಶೇಖರ ಪಾಟೀಲರ ‘ಸಂಕ್ರಮಣ’, ಎಪ್ಪತ್ತರ ದಶಕದ ‘ಶೂದ್ರ’ ಇವುಗಳ ಸಂಚಿಕೆಗಳ ಬೆನ್ನು ಹತ್ತುವವರು ಸಂಶೋಧಕರಷ್ಟೇ. ತಾಲ್ಲೂಕು ಕೇಂದ್ರದ ಸಣ್ಣ ಮುದ್ರಣಾಲಯದಲ್ಲಿ ಅಚ್ಚಾದ ವಾರಪತ್ರಿಕೆ, ಸಹಕಾರ ಸಂಘದ ವಾರ್ತಾಪತ್ರ, ಕಾಲೇಜಿನ ವಾರ್ಷಿಕ ಸಂಚಿಕೆಗಳ ಹಿಂದೆ ಅವರೂ ಇಲ್ಲ. ಇನ್ನೊಂದು ಸಂಗತಿಯನ್ನೂ ಇಲ್ಲೇ ಹೇಳಬೇಕು. ಸುಧಾ, ಪ್ರಜಾಮತದಂತಹ ವಾರಪತ್ರಿಕೆಗಳನ್ನು ಮನೆಗೆ ತರಿಸುತ್ತಿದ್ದವರು ಧಾರಾವಾಹಿಯ ಪುಟಗಳನ್ನು ಕತ್ತರಿಸಿ ಬೈಂಡ್ ಮಾಡಿಸಿ ಇಟ್ಟುಕೊಳ್ಳುವ ರೂಢಿ ಕನ್ನಡ ನಾಡಿನ ಉದ್ದಗಲಕ್ಕೂ ಇತ್ತು. ಕಾದಂಬರಿ ಉಳಿಯಿತು, ಅದರ ಸುತ್ತ ಇದ್ದ ಸಂಪಾದಕೀಯ, ಓದುಗರ ಪತ್ರ, ಜಾಹೀರಾತು ರದ್ದಿಗೆ ಹೋದವು. ಇವತ್ತು ಸ್ಕ್ಯಾನ್ ಆಗಿ ಬರುವ ಎಷ್ಟೋ ‘ಸಂಚಿಕೆ’ಗಳು ಈ ಕತ್ತರಿಯಿಂದ ಪಾರಾದ ತುಣುಕುಗಳೇ.

ಬಿಟ್ಟುಹೋದ ಆ ಪುಟಗಳಲ್ಲಿ ಏನಿತ್ತು ಎಂಬುದಕ್ಕೆ ಈ ತಾಲ್ಲೂಕುಗಳ ಚರಿತ್ರೆಯೇ ಉತ್ತರ ಕೊಡುತ್ತದೆ. ಈ ಸೀಮೆ 1953ರ ಅಕ್ಟೋಬರ್ 1ರವರೆಗೆ ಮದ್ರಾಸ್ ರಾಜ್ಯದ ಬಳ್ಳಾರಿ ಜಿಲ್ಲೆಗೆ ಸೇರಿತ್ತು. ಆಂಧ್ರ ರಾಜ್ಯ ರಚನೆಯಾಗುವಾಗ ಜಿಲ್ಲೆಯನ್ನು ಹೇಗೆ ಹಂಚಬೇಕೆಂದು ನ್ಯಾಯಮೂರ್ತಿ ವಾಂಛೂ ವರದಿ ಕೊಟ್ಟರು. ಆದೋನಿ, ಆಲೂರು, ರಾಯದುರ್ಗ ಆಂಧ್ರಕ್ಕೆ. ಹಡಗಲಿ, ಹರಪನಹಳ್ಳಿ, ಕೂಡ್ಲಿಗಿ, ಹೊಸಪೇಟೆ, ಸಂಡೂರು, ಸಿರುಗುಪ್ಪ ಮೈಸೂರಿಗೆ. ಇಂದಿನ ಕೊಟ್ಟೂರು ತಾಲ್ಲೂಕು ಆಗ ಕೂಡ್ಲಿಗಿಯೊಳಗೇ ಇತ್ತು. ಬಳ್ಳಾರಿ ತಾಲ್ಲೂಕಿನ ಪ್ರಶ್ನೆ ಮಾತ್ರ ಬಗೆಹರಿಯದೆ ನ್ಯಾಯಮೂರ್ತಿ ಮಿಶ್ರಾ ಅವರ ಮುಂದೆ ಹೋಗಿ, ಅದೂ ಮೈಸೂರಿಗೆ ಬಂತು. ಈ ತೀರ್ಮಾನಗಳು ಸರ್ಕಾರಿ ವರದಿಗಳಲ್ಲಿವೆ, ಅವು ಕಳೆದುಹೋಗಿಲ್ಲ. ತೀರ್ಮಾನದ ಹಿಂದಿನ ದಿನಗಳಲ್ಲಿ ಊರೂರುಗಳ ಸಭೆಯಲ್ಲಿ ಯಾರು ಏನು ಮಾತಾಡಿದರು, ಯಾವ ಅಂಗಡಿಕಾರರು ಯಾವ ಪಕ್ಷಕ್ಕೆ ನಿಂತರು, ತೆಲುಗು ಮನೆಮಾತಿನವರು ಏನು ಅಂದುಕೊಂಡರು ಎಂಬುದನ್ನು ವರದಿ ಬರೆದಿಡುವುದಿಲ್ಲ. ಅದು ಆ ದಿನಗಳ ವಾರಪತ್ರಿಕೆಗಳ ಒಳಪುಟದ ಸಂಗತಿ. ಅದೇ ವರ್ಷ ತುಂಗಭದ್ರಾ ಅಣೆಕಟ್ಟೆಯಿಂದ ನೀರು ಹರಿಯಿತು, ಹಿನ್ನೀರಿನಲ್ಲಿ ಹಳ್ಳಿಗಳು ಮುಳುಗಿದವು. ಮುಳುಗಡೆಯಾದ ಎಕರೆಗಳ ಲೆಕ್ಕ ಕಂದಾಯ ಇಲಾಖೆಯ ಕಡತದಲ್ಲಿ ಇರುತ್ತದೆ. ಊರು ಬಿಟ್ಟವರು ಪತ್ರಿಕೆಗೆ ಬರೆದ ಅಹವಾಲು ಇರಬೇಕಾದದ್ದು ಹಳೆಯ ಸಂಚಿಕೆಯಲ್ಲಿ.

ಇನ್ನೂ ಎರಡು ಉದಾಹರಣೆಗಳನ್ನು ನೋಡಬಹುದು. ಹಡಗಲಿ ತಾಲ್ಲೂಕಿನ ಮೈಲಾರದಲ್ಲಿ ಪ್ರತಿ ವರ್ಷ ಭರತ ಹುಣ್ಣಿಮೆಯ ಜಾತ್ರೆಯಲ್ಲಿ ಗೊರವಯ್ಯ ಬಿಲ್ಲನ್ನೇರಿ ಕಾರ್ಣಿಕ ನುಡಿಯುತ್ತಾರೆ. ಒಂದೇ ಸಾಲಿನ ಆ ನುಡಿಯನ್ನು ಮರುದಿನ ಪತ್ರಿಕೆಗಳು ಅಚ್ಚು ಹಾಕುತ್ತವೆ, ಜೊತೆಗೆ ಮಳೆ ಬೆಳೆಯ ಬಗ್ಗೆ, ರಾಜಕೀಯದ ಬಗ್ಗೆ ಜನ ಮಾಡಿಕೊಂಡ ಅರ್ಥವನ್ನೂ ಕೊಡುತ್ತವೆ. ನುಡಿ ಬಾಯಿಂದ ಬಾಯಿಗೆ ಉಳಿದೀತು. ಬರ ಬಿದ್ದ ವರ್ಷ ಜನ ಅದನ್ನು ಹೇಗೆ ಅರ್ಥೈಸಿದರು, ಚುನಾವಣೆಯ ವರ್ಷ ಹೇಗೆ ಅರ್ಥೈಸಿದರು ಎಂಬ ಸಾಲುಸಾಲು ದಾಖಲೆ ಬೇಕೆಂದರೆ ಹಳೆಯ ಪತ್ರಿಕೆಗಳೇ ಬೇಕು. ಎರಡನೆಯ ಉದಾಹರಣೆ ಬೀchi ಎಂದು ಹೆಸರಾದ ರಾಯಸಂ ಭೀಮಸೇನರಾಯರದು. ಹರಪನಹಳ್ಳಿಯಲ್ಲಿ 1913ರಲ್ಲಿ ಹುಟ್ಟಿದ ಬೀಚಿ ಅವರ ಬರಹದ ದೊಡ್ಡ ಪಾಲು ಪತ್ರಿಕೆಗಳಿಗಾಗಿಯೇ ಹುಟ್ಟಿದ್ದು. ಸುಧಾ ವಾರಪತ್ರಿಕೆಯಲ್ಲಿ ಓದುಗರ ಪ್ರಶ್ನೆಗಳಿಗೆ ಅವರು ಕೊಟ್ಟ ಉತ್ತರಗಳನ್ನು ಜನ ಕಾದು ಓದುತ್ತಿದ್ದರು. ಉತ್ತರಗಳು ಪುಸ್ತಕವಾಗಿ ಬಂದಿವೆ. ಆದರೆ ವಾರಪತ್ರಿಕೆಯ ಪುಟದಲ್ಲಿ ಪ್ರಶ್ನೆ ಕೇಳಿದವರ ಹೆಸರು, ಊರು ಇರುವುದು ರೂಢಿ; ಆ ವಾರದ ಸುದ್ದಿ ಅಕ್ಕಪಕ್ಕದ ಪುಟದಲ್ಲೇ ಇರುತ್ತದೆ. ಒಂದು ನಗೆಮಾತು ಯಾವ ಬೆಲೆಯೇರಿಕೆಗೆ, ಯಾವ ಮಂತ್ರಿಯ ಹೇಳಿಕೆಗೆ ತಗುಲಿದ್ದು ಎಂಬುದು ತಿಳಿಯುವುದು ಆ ಪುಟದಿಂದಲೇ. ಆರ್.ಕೆ. ಲಕ್ಷ್ಮಣರ ಆರಂಭದ ಚಿತ್ರಗಳು ಬಂದ ‘ಕೊರವಂಜಿ’ಯ ಬಗ್ಗೆಯೂ ಇದೇ ಮಾತು. 1942ರಿಂದ 1967ರವರೆಗೆ ರಾಶಿಯವರು ನಡೆಸಿದ ಆ ಮಾಸಿಕದ ಲೇಖನವನ್ನು ಸಂಕಲನಕ್ಕೆ ಎತ್ತಿಕೊಳ್ಳಬಹುದು. ಲೇಖನ, ಚಿತ್ರ, ಜಾಹೀರಾತು ಒಂದೇ ಪುಟದಲ್ಲಿ ಕೂಡಿ ಕೊಡುತ್ತಿದ್ದ ಕಾಲದ ಚಹರೆಯನ್ನು ಎತ್ತಿಕೊಳ್ಳಲಾಗದು.

ಇಷ್ಟು ಬೆಲೆಯುಳ್ಳದ್ದನ್ನು ಕಾಪಾಡಲು ಕಾನೂನು ಇಲ್ಲವೇ ಎಂದು ಕೇಳಬಹುದು. ಇದೆ. ಸಾರ್ವಜನಿಕ ಗ್ರಂಥಾಲಯಗಳಿಗೆ ಪುಸ್ತಕ ಸಲ್ಲಿಸುವ 1954ರ ಕೇಂದ್ರ ಕಾಯ್ದೆಯನ್ನು 1956ರಲ್ಲಿ ಪತ್ರಿಕೆಗಳಿಗೂ ವಿಸ್ತರಿಸಲಾಯಿತು. ಪ್ರಕಾಶಕರು ಕೋಲ್ಕತ್ತದ ರಾಷ್ಟ್ರೀಯ ಗ್ರಂಥಾಲಯಕ್ಕೆ, ಚೆನ್ನೈನ ಕನ್ನಿಮರಾ ಗ್ರಂಥಾಲಯಕ್ಕೆ, ಮುಂಬೈ ಮತ್ತು ದೆಹಲಿಯ ಒಂದೊಂದು ಗ್ರಂಥಾಲಯಕ್ಕೆ ತಮ್ಮ ಖರ್ಚಿನಲ್ಲಿ ಪ್ರತಿ ಕಳಿಸಬೇಕು. ಆ ನಾಲ್ಕರಲ್ಲಿ ಒಂದೂ ಕರ್ನಾಟಕದಲ್ಲಿಲ್ಲ. ಕಳಿಸದಿದ್ದರೆ ಕಾಯ್ದೆ ಹೇಳುವ ದಂಡ ಐವತ್ತು ರೂಪಾಯಿಯವರೆಗೆ, ಪುಸ್ತಕವಾದರೆ ಅದರ ಬೆಲೆಯೂ ಸೇರಿ. ಇಂತಹ ದಂಡಕ್ಕೆ ಹೆದರಿ ಸಣ್ಣ ಊರಿನ ಪತ್ರಿಕೆಯ ಸಂಪಾದಕರು ಪ್ರತಿ ವಾರ ನಾಲ್ಕು ಅಂಚೆ ಕಟ್ಟು ಕಟ್ಟುತ್ತಾರೆಂದು ನಂಬುವುದು ಕಷ್ಟ. ಜಿಲ್ಲೆಯ ಗಡಿ ಬದಲಾದದ್ದೂ ಒಂದು ತೊಡಕು. 1953ಕ್ಕೆ ಮುಂಚಿನ ಮುದ್ರಣದ ಸರ್ಕಾರಿ ಪಟ್ಟಿಗಳು ಮದ್ರಾಸಿನವು. ಹರಪನಹಳ್ಳಿ 1997ರಲ್ಲಿ ದಾವಣಗೆರೆ ಜಿಲ್ಲೆಗೆ ಸೇರಿ, ಮತ್ತೆ ಬಳ್ಳಾರಿಗೆ ಮರಳಿ, 2021ರಲ್ಲಿ ವಿಜಯನಗರ ಜಿಲ್ಲೆಗೆ ಬಂತು. ದಿನಪತ್ರಿಕೆಗಳ ಸ್ಥಳೀಯ ಪುಟ ಆವೃತ್ತಿಯಿಂದ ಆವೃತ್ತಿಗೆ ಬೇರೆ. ಬೆಂಗಳೂರು ಆವೃತ್ತಿಯ ಪೂರ್ತಿ ಸಂಪುಟ ಸಿಕ್ಕರೂ ಅದರಲ್ಲಿ ಇಟ್ಟಿಗಿಯಂತಹ ಇಲ್ಲಿನ ಊರಿನ ಸುದ್ದಿ ಇರಬೇಕೆಂದಿಲ್ಲ. 1991ರಲ್ಲಿ ಸ್ಥಾಪನೆಯಾದ ಹಂಪಿಯ ಕನ್ನಡ ವಿಶ್ವವಿದ್ಯಾಲಯ ಈ ತಾಲ್ಲೂಕುಗಳಿಗೆ ಹತ್ತಿರದ ದೊಡ್ಡ ಆಸರೆ. ಆದರೂ ಇಪ್ಪತ್ತು ಮೂವತ್ತರ ದಶಕದ ಸಂಚಿಕೆಗಳನ್ನು ಅರಸುವವರು ಕಡೆಗೆ ಧಾರವಾಡ, ಮೈಸೂರು, ಬೆಂಗಳೂರು ಎಂದು ಅಲೆಯಬೇಕಾಗುತ್ತದೆ. ಹಳ್ಳಿಯ ಪದವಿ ಕಾಲೇಜಿನ ವಿದ್ಯಾರ್ಥಿನಿಯೊಬ್ಬಳಿಗೆ ಆ ಓಡಾಟ ಸಾಧ್ಯವಿಲ್ಲ. ಅವಳ ಕೈಯಲ್ಲಿರುವ ಮೊಬೈಲೇ ಅವಳ ಗ್ರಂಥಾಲಯ.

ಸರ್ಕಾರ ಕೈಹಾಕಿದರೆ ಎಲ್ಲ ಸರಿಹೋಗುತ್ತದೆ ಎಂಬ ನಂಬಿಕೆಯನ್ನೂ ಪರೀಕ್ಷಿಸಬೇಕು. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯೂ ಪಾಲುಗೊಂಡ ಡಿಜಿಟಲ್ ಲೈಬ್ರರಿ ಆಫ್ ಇಂಡಿಯಾ ಯೋಜನೆ ಈ ಶತಮಾನದ ಮೊದಲ ದಶಕದಲ್ಲಿ ಲಕ್ಷಗಟ್ಟಲೆ ಪುಸ್ತಕಗಳನ್ನು ಸ್ಕ್ಯಾನ್ ಮಾಡಿತು. ಅವುಗಳಲ್ಲಿ ಕನ್ನಡದ ಪುಸ್ತಕಗಳೂ ಪತ್ರಿಕೆಗಳ ಸಂಪುಟಗಳೂ ಇದ್ದವು. ಸ್ಕ್ಯಾನ್ ಆದದ್ದೇನೋ ದೊಡ್ಡ ಕೆಲಸ. ಆದರೆ ಶೀರ್ಷಿಕೆಗಳನ್ನು ಬರೆದದ್ದು ರೋಮನ್ ಲಿಪಿಯಲ್ಲಿ, ಅದೂ ಒಬ್ಬೊಬ್ಬರು ಒಂದೊಂದು ಕಾಗುಣಿತದಲ್ಲಿ. ಕನ್ನಡದಲ್ಲಿ ಹುಡುಕಿದರೆ ಏನೂ ಸಿಗುತ್ತಿರಲಿಲ್ಲ, ಇಂಗ್ಲಿಷಿನಲ್ಲಿ ಹುಡುಕಲು ಬೆರಳಚ್ಚು ಮಾಡಿದವರ ಕಾಗುಣಿತವನ್ನು ಊಹಿಸಬೇಕಿತ್ತು. ಈ ತೊಡಕನ್ನು ಬಿಡಿಸಿದವರು ‘ಸಂಚಯ’ದ ಸ್ವಯಂಸೇವಕರು. ‘ಪುಸ್ತಕ ಸಂಚಯ’ ಎಂಬ ತಾಣ ಕಟ್ಟಿ, ಆ ಗ್ರಂಥಾಲಯ ಮತ್ತು ಉಸ್ಮಾನಿಯಾ ವಿಶ್ವವಿದ್ಯಾಲಯದ ಡಿಜಿಟಲ್ ಸಂಗ್ರಹದಲ್ಲಿದ್ದ ಕನ್ನಡ ಪುಸ್ತಕಗಳ ಹೆಸರುಗಳನ್ನು ಹಲವರ ಕೈ ಸೇರಿಸಿ ಕನ್ನಡ ಲಿಪಿಗೆ ತಂದರು. ಮುಂದೆ ಮೂಲ ತಾಣವೇ ಮುಚ್ಚಿದಾಗ ಕಾರ್ಲ್ ಮಲಮೂದ್ ಅವರ ಪ್ರಯತ್ನದಿಂದ ಆ ಸಂಗ್ರಹ ಇಂಟರ್‌ನೆಟ್ ಆರ್ಕೈವ್‌ನಲ್ಲಿ ಉಳಿಯಿತು. ‘ಸರ್ವೆಂಟ್ಸ್ ಆಫ್ ನಾಲೆಡ್ಜ್’ ಎಂಬ ಹೆಸರಿನಲ್ಲಿ ಓಂಶಿವಪ್ರಕಾಶ್ ಮತ್ತು ಸಂಗಡಿಗರು ಬೆಂಗಳೂರಿನಲ್ಲಿ ಕನ್ನಡದ ಹಳೆಯ ಮುದ್ರಣಗಳ ಸ್ಕ್ಯಾನಿಂಗ್ ಮುಂದುವರಿಸಿದ್ದಾರೆ. ಈ ಇಡೀ ಕಥೆಯಲ್ಲಿ ನನಗೆ ಮುಖ್ಯವಾಗಿ ಕಾಣುವುದು ಹೆಸರು ತಿದ್ದಿದವರ ದುಡಿಮೆ. ಯಂತ್ರದಡಿ ಪುಟ ಹಿಡಿಯುವುದು ಅರ್ಧ ಕೆಲಸ. ಆ ಪುಟಕ್ಕೆ ಸರಿಯಾದ ಕನ್ನಡ ಹೆಸರು, ಸಂಪುಟ, ವರ್ಷ ಬರೆಯುವುದು ಉಳಿದರ್ಧ. ಎರಡನೆಯದನ್ನು ಬೇಸರದ ಗುಮಾಸ್ತಗಿರಿ ಎಂದು ಬಿಟ್ಟದ್ದರಿಂದ ಕೋಟ್ಯಂತರ ಪುಟಗಳು ಇದ್ದೂ ಇಲ್ಲದಂತಾದವು.

ಈಗ ಆಕ್ಷೇಪಗಳಿಗೆ ಬರೋಣ. ಇದೆಲ್ಲ ಕಳ್ಳತನವಲ್ಲವೇ ಎಂಬುದು ಮೊದಲ ಆಕ್ಷೇಪ, ಮತ್ತು ಅದು ಹಗುರವಾದದ್ದಲ್ಲ. ಇಂದಿನ ಸಂಚಿಕೆಯನ್ನು ಇಂದೇ ಪಿಡಿಎಫ್ ಮಾಡಿ ಗುಂಪಿನಲ್ಲಿ ಹಂಚುವುದು ನೇರವಾಗಿ ಪತ್ರಿಕೆಯ ಅನ್ನಕ್ಕೆ ಕೈಹಾಕುವುದು. 2020ರಲ್ಲಿ ದೈನಿಕ್ ಜಾಗರಣ್ ತನ್ನ ಇ-ಪತ್ರಿಕೆಯನ್ನು ಟೆಲಿಗ್ರಾಂ ಚಾನೆಲುಗಳಲ್ಲಿ ಹಂಚುತ್ತಿದ್ದಾರೆಂದು ದೆಹಲಿ ಹೈಕೋರ್ಟಿಗೆ ಹೋದಾಗ ನ್ಯಾಯಾಲಯ ಆ ಚಾನೆಲುಗಳನ್ನು ತಡೆಯಲು ಆದೇಶಿಸಿತು. ಅದು ಸರಿಯಾದ ಆದೇಶ. ಓದುಗ ಸಮುದಾಯಗಳು ಹೊಸ ಸಂಚಿಕೆಯನ್ನು ಮುಟ್ಟಬಾರದು, ಮಾರಾಟದಲ್ಲಿರುವ ಪುಸ್ತಕವನ್ನೂ ಮುಟ್ಟಬಾರದು. ಹಳೆಯ ಸಂಚಿಕೆಯ ವಿಚಾರ ಬೇರೆ, ಮತ್ತು ಅದು ಕಾನೂನಿನಲ್ಲೂ ಸಿಕ್ಕುಸಿಕ್ಕಾಗಿದೆ. 1957ರ ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ ಲೇಖಕರು ತೀರಿಕೊಂಡ ವರ್ಷದ ನಂತರ ಅರವತ್ತು ವರ್ಷ ಹಕ್ಕು ಉಳಿಯುತ್ತದೆ; ಅನಾಮಧೇಯ ಬರಹಕ್ಕೆ ಪ್ರಕಟಣೆಯಿಂದ ಅರವತ್ತು ವರ್ಷ. ಪತ್ರಿಕೆಯ ಸಂಚಿಕೆ ಎಂದರೆ ಒಬ್ಬರ ಕೃತಿಯಲ್ಲ, ಹತ್ತಾರು ಜನರ ಹಕ್ಕುಗಳ ಕಟ್ಟು. ಒಂದೇ ಸಂಚಿಕೆಯಲ್ಲಿ ಬಿ.ಎಂ. ಶ್ರೀಕಂಠಯ್ಯ, ಎ.ಆರ್. ಕೃಷ್ಣಶಾಸ್ತ್ರಿ, ಬೇಂದ್ರೆ, ಮಾಸ್ತಿ ಈ ನಾಲ್ವರ ಬರಹವೂ ಇದೆ ಎಂದಿಟ್ಟುಕೊಳ್ಳೋಣ. 1946ರಲ್ಲಿ ತೀರಿಕೊಂಡ ಶ್ರೀಯವರ ಬರಹ 2007ರಿಂದ ಎಲ್ಲರದು. 1968ರಲ್ಲಿ ತೀರಿಕೊಂಡ ಶಾಸ್ತ್ರಿಗಳ ಬರಹಕ್ಕೆ 2028ರ ಕೊನೆಯವರೆಗೆ, ಬೇಂದ್ರೆಯವರದಕ್ಕೆ 2041ರವರೆಗೆ, ಮಾಸ್ತಿಯವರದಕ್ಕೆ 2046ರವರೆಗೆ ರಕ್ಷಣೆ. ಬೀಚಿಯವರ ಬರಹ ಮುಕ್ತವಾಗುವುದು 2041ರಲ್ಲಿ. ಎರಡು ಕವಿತೆ ಬರೆದು ಮರೆಯಾದ, ಯಾರೆಂದೂ ತಿಳಿಯದ ಲೇಖಕರ ಪಾಡು ಇನ್ನೂ ಕಷ್ಟ. ಅಂಥವರ ಬರಹಕ್ಕೆ ಪರವಾನಗಿ ಪಡೆಯುವ ದಾರಿ ಕಾಯ್ದೆಯ 31ಎ ಕಲಮಿನಲ್ಲಿದೆ. ದಿನಪತ್ರಿಕೆಯಲ್ಲಿ ಪ್ರಕಟಣೆ ಕೊಡಬೇಕು, ಅರ್ಜಿ ಹಾಕಬೇಕು. ಒಂದು ಹಳೆಯ ಸಂಚಿಕೆಯ ಒಬ್ಬೊಬ್ಬ ಅಜ್ಞಾತ ಲೇಖಕರಿಗೂ ಹೀಗೆ ಮಾಡುತ್ತ ಕೂತರೆ ಕಾಗದ ಅಷ್ಟು ದಿನ ಕಾಯುವುದಿಲ್ಲ.

ಹಾಗಾದರೆ ಕಾನೂನನ್ನು ಬದಿಗಿಡಿ ಎಂದು ನಾನು ಹೇಳುತ್ತಿಲ್ಲ. ಕಾನೂನಿನೊಳಗೇ ಇರುವ, ಯಾರೂ ಬಳಸದ ಬಾಗಿಲೊಂದಿದೆ. ಅದೇ ಕಾಯ್ದೆಯ 52ನೇ ಕಲಮಿಗೆ 2012ರಲ್ಲಿ ಆದ ತಿದ್ದುಪಡಿಯಂತೆ, ಲಾಭಕ್ಕಾಗಿ ನಡೆಯದ ಸಾರ್ವಜನಿಕ ಗ್ರಂಥಾಲಯ ತನ್ನ ಬಳಿ ಈಗಾಗಲೇ ಇರುವ ಮುದ್ರಿತ ಪ್ರತಿಯನ್ನು ಸಂರಕ್ಷಣೆಗಾಗಿ ಎಲೆಕ್ಟ್ರಾನಿಕ್ ರೂಪದಲ್ಲಿ ಇಟ್ಟುಕೊಳ್ಳಬಹುದು. ಅದಕ್ಕೆ ಲೇಖಕರ ಅನುಮತಿ ಬೇಕಿಲ್ಲ. ಮಾರುಕಟ್ಟೆಯಲ್ಲಿ ಸಿಗದ ಪುಸ್ತಕದ ಮೂರು ಪ್ರತಿಗಳವರೆಗೆ ಗ್ರಂಥಾಲಯದ ಬಳಕೆಗೆ ಮಾಡಿಕೊಳ್ಳಲೂ ಅದೇ ಕಲಮು ಒಪ್ಪುತ್ತದೆ. ಅಂದರೆ ಸ್ಕ್ಯಾನ್ ಮಾಡಿ ಕಾಪಾಡುವ ಕೆಲಸ ಗ್ರಂಥಾಲಯದ ಛಾವಣಿಯಡಿ ನಡೆದರೆ ಅದು ಪೂರ್ತಿ ಕಾನೂನುಬದ್ಧ. ಸಾರ್ವಜನಿಕವಾಗಿ ಹಂಚುವುದನ್ನು ಹಕ್ಕಿನ ಅವಧಿ ಮುಗಿದದ್ದಕ್ಕೆ, ಹಕ್ಕುದಾರರು ಒಪ್ಪಿದ್ದಕ್ಕೆ ಸೀಮಿತಗೊಳಿಸಬಹುದು. ಸ್ಕ್ಯಾನ್ ಮಾಡಬಲ್ಲ ಉತ್ಸಾಹಿಗಳು ಒಂದು ಕಡೆ, ಸ್ಕ್ಯಾನ್ ಮಾಡುವ ಹಕ್ಕಿರುವ ಗ್ರಂಥಾಲಯಗಳು ಇನ್ನೊಂದು ಕಡೆ. ಇಬ್ಬರೂ ಒಂದೇ ಮೇಜಿಗೆ ಬಂದಿಲ್ಲ ಎಂಬುದೇ ಇಲ್ಲಿನ ನಿಜವಾದ ಕೊರತೆ. ಕರ್ನಾಟಕದ ಗ್ರಾಮ ಪಂಚಾಯಿತಿ ಗ್ರಂಥಾಲಯಗಳು 2019ರಲ್ಲಿ ಗ್ರಾಮೀಣಾಭಿವೃದ್ಧಿ ಇಲಾಖೆಗೆ ವರ್ಗವಾಗಿ ಈಗ ‘ಅರಿವು ಕೇಂದ್ರ’ಗಳೆನಿಸಿವೆ. ಸ್ಪರ್ಧಾತ್ಮಕ ಪರೀಕ್ಷೆಯ ಪುಸ್ತಕದ ಜೊತೆಗೆ ಸ್ಥಳೀಯ ಮುದ್ರಣದ ಒಂದು ಕಪಾಟು, ಒಂದು ಹಾರ್ಡ್ ಡಿಸ್ಕ್ ಇಡುವುದು ಅವುಗಳಿಗೆ ದೊಡ್ಡ ಹೊರೆಯಾಗಲಾರದು.

ಗ್ರಂಥಾಲಯಗಳೇ ಇದನ್ನು ಮಾಡಲಿ, ಹವ್ಯಾಸಿಗಳು ಯಾಕೆ ಎಂಬ ಮಾತೂ ಬರುತ್ತದೆ. ಸಂಚಿಕೆಗಳು ಹೆಚ್ಚಾಗಿ ಇರುವುದು ಮನೆಗಳಲ್ಲಿ ಎಂಬುದು ಅದಕ್ಕೆ ಉತ್ತರ. ತಮಿಳುನಾಡಿನ ಕೊಟ್ಟೈಯೂರಿನಲ್ಲಿ ಬೋರ್ಡು ಬರೆಯುವ ಕಲಾವಿದರಾಗಿದ್ದ ರೋಜಾ ಮುತ್ತಯ್ಯ ಎಂಬುವರು ಹಳೆಯ ಪುಸ್ತಕ, ಪತ್ರಿಕೆ, ನಾಟಕದ ಕರಪತ್ರಗಳನ್ನು ಜೀವಮಾನವಿಡೀ ಕೂಡಿಟ್ಟರು. 1992ರಲ್ಲಿ ಅವರು ತೀರಿಕೊಂಡ ಮೇಲೆ ಷಿಕಾಗೋ ವಿಶ್ವವಿದ್ಯಾಲಯ ಆ ಸಂಗ್ರಹವನ್ನು ಕೊಂಡು ಚೆನ್ನೈನಲ್ಲಿ ಉಳಿಸಿತು. ಇವತ್ತು ತಮಿಳಿನ ಮುದ್ರಣ ಚರಿತ್ರೆಯನ್ನು ಬರೆಯುವವರು ರೋಜಾ ಮುತ್ತಯ್ಯ ಗ್ರಂಥಾಲಯವನ್ನು ಬಿಟ್ಟು ಬರೆಯಲಾರರು. ಆ ಸಂಗ್ರಹಕ್ಕೆ ಬೆಲೆ ಬಂದದ್ದು ಸೂಚಿ ತಯಾರಾದ ಮೇಲೆ, ಪ್ರತಿಯೊಂದು ಕಾಗದಕ್ಕೂ ಅದರದೇ ಗುರುತು ದೊರೆತ ಮೇಲೆ. ಕನ್ನಡದಲ್ಲಿ ಶ್ರೀನಿವಾಸ ಹಾವನೂರರು ‘ಹೊಸಗನ್ನಡದ ಅರುಣೋದಯ’ ಬರೆಯಲು ಸಾಧ್ಯವಾದದ್ದೂ ಹತ್ತೊಂಬತ್ತನೆಯ ಶತಮಾನದ ಮುದ್ರಣವನ್ನು ಒಂದೊಂದಾಗಿ ಹುಡುಕಿ ಗುರುತಿಸಿದ್ದರಿಂದ. ಅವರಿಗೆ ಇದ್ದ ತಾಳ್ಮೆ ಎಲ್ಲರಿಗೂ ಬೇಕಿಲ್ಲ. ತಮ್ಮ ಕೈಗೆ ಬಂದ ಒಂದು ಸಂಚಿಕೆಯ ಮಟ್ಟಿಗೆ ಸಾಕು.

ಮೊಬೈಲಿನಲ್ಲಿ ತೆಗೆದ ಕೆಟ್ಟ ಸ್ಕ್ಯಾನಿನಿಂದ ಏನು ಪ್ರಯೋಜನ, ಮುಂದೆ ಯಂತ್ರವೇ ಎಲ್ಲವನ್ನೂ ಓದಿ ಹುಡುಕಿಕೊಡುತ್ತದಲ್ಲ ಎನ್ನುವವರೂ ಇದ್ದಾರೆ. ಕನ್ನಡದ ಅಕ್ಷರ ಗುರುತಿಸುವ ತಂತ್ರಾಂಶಗಳು ಈಚೆಗೆ ಬಹಳ ಸುಧಾರಿಸಿವೆ ನಿಜ. ಆದರೆ ಮೊಳೆ ಜೋಡಿಸಿ ಅಚ್ಚು ಮಾಡಿದ ಕಾಲದ ಸವೆದ ಒತ್ತಕ್ಷರ, ಅಂಕಣಗಳ ನಡುವಿನ ಸಣ್ಣ ಸಂದು, ಮಸಿ ಹರಡಿದ ನ್ಯೂಸ್‌ಪ್ರಿಂಟ್ ಇವು ಯಂತ್ರವನ್ನು ಇನ್ನೂ ದಾರಿ ತಪ್ಪಿಸುತ್ತವೆ. ಯಂತ್ರ ಸರಿಯಾಗಿ ಓದಿದರೂ, ಮುಖಪುಟ ಹರಿದ ಸಂಚಿಕೆಯ ದಿನಾಂಕ ಅದಕ್ಕೂ ತಿಳಿಯುವುದಿಲ್ಲ. ಹಾಗಾಗಿ ಸ್ಕ್ಯಾನಿನ ಅಂದಕ್ಕಿಂತ ಗುರುತಿನ ಪೂರ್ಣತೆಗೆ ಬೆಲೆ ಕೊಡಬೇಕು ಎಂಬುದು ನನ್ನ ಅಭಿಪ್ರಾಯ. ಮಂಕಾದ ಪುಟವನ್ನು ಮುಂದೆ ಯಾರಾದರೂ ಮತ್ತೆ ಸ್ಕ್ಯಾನ್ ಮಾಡಬಹುದು, ಮೂಲ ಪ್ರತಿ ಎಲ್ಲಿದೆ ಎಂದು ಬರೆದಿದ್ದರೆ. ಅದನ್ನು ಬರೆಯದಿದ್ದರೆ ಚೆಂದದ ಸ್ಕ್ಯಾನ್ ಕೂಡ ಯಾರೂ ಸಾಕ್ಷಿಯಾಗಿ ಒಪ್ಪದ ಚಿತ್ರವಾಗಿ ಉಳಿಯುತ್ತದೆ. ಹಾಗೆಂದು ಮೂಲ ಪ್ರತಿ ಹೆಚ್ಚು ದಿನ ಕಾಯುವುದೂ ಇಲ್ಲ. ನ್ಯೂಸ್‌ಪ್ರಿಂಟಿನ ಕಾಗದದಲ್ಲಿ ಮರದ ತಿರುಳಿನ ಲಿಗ್ನಿನ್ ಉಳಿದಿರುತ್ತದೆ. ಬೆಳಕು, ಸೆಕೆ ತಾಗಿದಂತೆ ಆಮ್ಲ ಹೆಚ್ಚಿ ಹಳದಿಯಾಗಿ ಪುಡಿಯಾಗುತ್ತದೆ. ಈ ಸೀಮೆಯ ಬೇಸಿಗೆ, ಗೆದ್ದಲು ಎರಡೂ ಸೇರಿದರೆ ಐವತ್ತರ ದಶಕದ ವಾರಪತ್ರಿಕೆಗೆ ಉಳಿದಿರುವ ಆಯಸ್ಸು ಹೆಚ್ಚೇನಿಲ್ಲ. ಗುರುತು ಕೆಡದಿರಬೇಕಾದರೆ, ಗುಂಪುಗಳಲ್ಲಿ ಹಂಚುವವರು ತಮ್ಮ ಗುಂಪಿನ ಮುದ್ರೆಯನ್ನು ಮೊದಲ ಪುಟಕ್ಕೆ ಹಚ್ಚುವುದನ್ನು, ಗಾತ್ರ ಇಳಿಸಲು ಜಾಹೀರಾತಿನ ಪುಟ ತೆಗೆಯುವುದನ್ನು ಬಿಡಬೇಕು. ಟೊರೆಂಟಿನಲ್ಲಿ ಕಡತದ ಗುರುತು ಅದರ ಒಳಗಿನ ಪ್ರತಿಯೊಂದು ಬೈಟಿನ ಮೇಲೆ ನಿಂತಿದೆ. ಒಂದು ಪುಟ ಸೇರಿಸಿದರೂ ಅದು ಬೇರೆಯೇ ಕಡತವಾಗಿ, ಹಂಚುವವರು ಎರಡು ಪಾಲಾಗಿ, ಎರಡೂ ಬೇಗ ಬತ್ತುತ್ತವೆ.

ಆದ್ದರಿಂದ ಈ ಐದು ತಾಲ್ಲೂಕುಗಳಲ್ಲಿ ಹಳೆಯ ಪತ್ರಿಕೆಯ ಕಟ್ಟು ಇಟ್ಟುಕೊಂಡವರಲ್ಲಿ ಒಂದು ಬೇಡಿಕೆ ಇದೆ. ಮನೆ ಬದಲಿಸುವಾಗ, ಹಿರಿಯರು ತೀರಿಕೊಂಡಾಗ, ಸುಣ್ಣ ಬಳಿಸುವಾಗ ಅದನ್ನು ರದ್ದಿಯವರಿಗೆ ತೂಗುವ ಮುನ್ನ ಹತ್ತಿರದ ಕಾಲೇಜಿನ ಕನ್ನಡ ಅಧ್ಯಾಪಕರಿಗೋ ಅರಿವು ಕೇಂದ್ರದ ಮೇಲ್ವಿಚಾರಕರಿಗೋ ತೋರಿಸಿ. 1953ಕ್ಕಿಂತ ಹಳೆಯದು, ತಾಲ್ಲೂಕಿನಲ್ಲೇ ಅಚ್ಚಾದದ್ದು ಸಿಕ್ಕರೆ ಅದನ್ನೇ ಮೊದಲು ಎತ್ತಿಕೊಳ್ಳಿ; ಚಂದಮಾಮವನ್ನು ಉಳಿಸಲು ಬೇರೆಯವರಿದ್ದಾರೆ. ಸ್ಕ್ಯಾನ್ ಮಾಡುವವರು ಮುಖಪುಟದಿಂದ ಹಿಂಬದಿಯ ಜಾಹೀರಾತಿನವರೆಗೆ ಒಂದು ಪುಟವನ್ನೂ ಬಿಡದೆ ಮಾಡಿ, ಕಡತದ ಹೆಸರನ್ನು ಕನ್ನಡದಲ್ಲೇ ಬರೆಯಿರಿ: ಪತ್ರಿಕೆಯ ಹೆಸರು, ಸಂಪುಟ, ಸಂಚಿಕೆ, ತಿಂಗಳು, ವರ್ಷ, ಅಚ್ಚಾದ ಊರು. ವಿವರದ ಜಾಗದಲ್ಲಿ ಸಂಪಾದಕರ ಮತ್ತು ಮುದ್ರಣಾಲಯದ ಹೆಸರನ್ನು ಸೇರಿಸಿ, ಯಾವ ಪುಟ ಇಲ್ಲವೆಂಬುದನ್ನೂ ಮೂಲ ಪ್ರತಿ ಯಾವ ಊರಿನ ಯಾವ ಸಂಸ್ಥೆಯಲ್ಲಿದೆ ಎಂಬುದನ್ನೂ ಮರೆಯದೆ ನಮೂದಿಸಿ. ಹಕ್ಕಿನ ಅವಧಿ ಮುಗಿದಿದ್ದರೆ ಎಲ್ಲರಿಗೂ ಹಂಚಿ. ಮುಗಿಯದಿದ್ದರೆ ಪ್ರತಿಯನ್ನು ಗ್ರಂಥಾಲಯಕ್ಕೆ ಕೊಟ್ಟು, ಸೂಚಿಯನ್ನಷ್ಟೇ ಬಹಿರಂಗಪಡಿಸಿ. ಸೂಚಿಗೆ ಯಾರ ಅನುಮತಿಯೂ ಬೇಕಿಲ್ಲ, ಇವತ್ತೇ ಶುರು ಮಾಡಬಹುದು.